ಕೊನೆಗಾಲದ ನೆಮ್ಮದಿ: ಹಾಸಿಗೆ ಹಿಡಿದವರಿಗೂ ಕೊಡುವುದು ಬಾಕಿ ಇರುತ್ತದೆ

"ಇನ್ನು ನಮ್ಮ ಕೈಲಿ ಏನೂ ಇಲ್ಲ." ಡಾಕ್ಟರ ಬಾಯಿಂದ ಈ ಮಾತು ಬಿದ್ದ ಕೂಡಲೇ ಮನೆಯವರ ತಲೆಯಲ್ಲಿ ಎರಡು ಪ್ರಶ್ನೆ ಏಳುತ್ತವೆ. ಬೇರೆ ಕಡೆ ತೋರಿಸೋಣವಾ? ಇನ್ನೆಷ್ಟು ದಿನ? ಈ ಗಡಿಬಿಡಿಯಲ್ಲಿ ಮೂರನೆಯ ಪ್ರಶ್ನೆಯನ್ನು ಯಾರೂ ಕೇಳುವುದಿಲ್ಲ. ಉಳಿದಿರುವ ದಿನಗಳು ಎಷ್ಟೇ ಇರಲಿ, ಅಷ್ಟು ದಿನ ಈ ವ್ಯಕ್ತಿ ಹೇಗೆ ಬದುಕಬೇಕು?

ಈ ಮೂರನೆಯ ಪ್ರಶ್ನೆಯನ್ನೇ ಹಿಡಿದು ಹೊರಟ ವೈದ್ಯಕೀಯ ವಿಭಾಗವೊಂದಿದೆ. ಪ್ಯಾಲಿಯೇಟಿವ್ ಕೇರ್, ಅಂದರೆ ಉಪಶಾಮಕ ಆರೈಕೆ. ಕಾಯಿಲೆ ವಾಸಿಯಾಗುವ ಹಾಗಿಲ್ಲದಿದ್ದರೂ ಅದರ ಕಾಟ ಕಡಿಮೆ ಮಾಡುವುದು, ಮನೆಯವರಿಗೂ ಆಸರೆಯಾಗುವುದು ಅದರ ಕೆಲಸ. ಕಳೆದ ಅರವತ್ತು ವರ್ಷಗಳಲ್ಲಿ ಈ ವಿಭಾಗದವರು ಸಾವಿನ ಹತ್ತಿರ ಇರುವವರ ಪಕ್ಕ ಕೂತು, ಅವರ ಮಾತು ಕೇಳಿ, ಬರೆದಿಟ್ಟು ಕಲಿತದ್ದು ತುಂಬಾ ಇದೆ. ಅದನ್ನೆಲ್ಲ ಓದುತ್ತಾ ಹೋದರೆ ಒಂದು ವಿಷಯ ಮತ್ತೆ ಮತ್ತೆ ಎದುರಾಗುತ್ತದೆ. ಕೊನೆಗಾಲದಲ್ಲಿರುವವರಿಗೆ ಏನು ಕೊಡಬೇಕು ಅಂತ ನಾವು ಬೇಕಾದಷ್ಟು ತಲೆ ಕೆಡಿಸಿಕೊಳ್ಳುತ್ತೇವೆ. ಅವರಿಂದ ಏನು ಪಡೆಯಬಹುದು ಅಂತ ಯೋಚಿಸುವುದೇ ಇಲ್ಲ. ಅವರ ನೆಮ್ಮದಿಯ ದೊಡ್ಡ ಪಾಲು ಇರುವುದು ಅಲ್ಲೇ ಅಂತ ನನಗೆ ಅನ್ನಿಸುತ್ತದೆ.

ಮೊದಲು ನೋವು ಇಳಿಯಲಿ

ಅರ್ಥ, ನೆಮ್ಮದಿ ಅಂತೆಲ್ಲ ಮಾತಾಡುವ ಮೊದಲು ಮೈ ನೋವಿಗೆ ಒಂದು ದಾರಿ ಮಾಡಬೇಕು. ರಾತ್ರಿಯಿಡೀ ಮಗ್ಗುಲು ಬದಲಿಸಲೂ ಆಗದೆ ನರಳಿದವರ ಮುಂದೆ ಬೆಳಗ್ಗೆ ಬದುಕಿನ ಅರ್ಥದ ಮಾತು ತೆಗೆಯುವುದು ಕ್ರೌರ್ಯ.

ಇದನ್ನು ಸರಿಯಾಗಿ ಹಿಡಿದವರು ಇಂಗ್ಲೆಂಡಿನ ಸಿಸಿಲಿ ಸಾಂಡರ್ಸ್. ಮೊದಲು ನರ್ಸ್ ಆಗಿದ್ದರು. ಬೆನ್ನುನೋವಿನಿಂದ ಆ ಕೆಲಸ ಬಿಡಬೇಕಾಯಿತು. ಆಮೇಲೆ ಆಸ್ಪತ್ರೆಯಲ್ಲಿ ಸಮಾಜ ಕಾರ್ಯಕರ್ತೆಯಾದರು. ಸಾಯುತ್ತಿರುವವರ ನೋವಿಗೆ ಏನಾದರೂ ಮಾಡಲೇಬೇಕು ಅನ್ನಿಸಿ, ಮೂವತ್ತು ದಾಟಿದ ಮೇಲೆ ಮೆಡಿಕಲ್ ಓದಿ ಡಾಕ್ಟರಾದರು. 1967ರಲ್ಲಿ ಲಂಡನ್ನಿನಲ್ಲಿ ಸೇಂಟ್ ಕ್ರಿಸ್ಟೋಫರ್ಸ್ ಹಾಸ್ಪೈಸ್, ಅಂದರೆ ಕೊನೆಗಾಲದಲ್ಲಿರುವವರ ಆರೈಕೆಗೆಂದೇ ಇರುವ ಮನೆ, ಶುರು ಮಾಡಿದರು. ಈಗ ಬೇರೆ ಬೇರೆ ದೇಶಗಳಲ್ಲಿ ಕಾಣುವ ಹಾಸ್ಪೈಸ್‌ಗಳಿಗೆ ಮಾದರಿಯಾದದ್ದು ಅದೇ. 2005ರಲ್ಲಿ ಅವರು ತೀರಿಕೊಂಡದ್ದೂ ಅಲ್ಲೇ.

ಆಗಿನ ಆಸ್ಪತ್ರೆಗಳಲ್ಲಿ ರೋಗಿ ನೋವು ತಡೆಯಲಾರದೆ ಕೂಗಿಕೊಂಡ ಮೇಲೆ ಮಾರ್ಫಿನ್ ಕೊಡುವುದು ರೂಢಿ. ಸಾಂಡರ್ಸ್ ಅದನ್ನು ತಿರುಗಿಸಿದರು. ಗಡಿಯಾರ ನೋಡಿ, ನೋವು ಮರಳುವ ಮೊದಲೇ, ಬಾಯಿಗೆ ಹಾಕುವ ಔಷಧಿಯಾಗಿ ಕೊಡಲು ಶುರು ಮಾಡಿದರು. ಇದರಿಂದ ನೋವು ಮಾತ್ರ ಹೋಗಲಿಲ್ಲ, "ಮತ್ತೆ ಯಾವಾಗ ಬರುತ್ತದೋ" ಅನ್ನುವ ಭಯವೂ ಹೋಯಿತು. ಆ ಭಯ ಹೋದಾಗಲೇ ಮನುಷ್ಯ ಕಿಟಕಿಯಾಚೆ ನೋಡುವುದು, ಪಕ್ಕದಲ್ಲಿ ಕೂತವರ ಹೆಸರು ಹಿಡಿದು ಕರೆಯುವುದು.

ಮಾರ್ಫಿನ್ ಅಂದರೆ ಇವತ್ತಿಗೂ ಎಷ್ಟೋ ಮನೆಗಳಲ್ಲಿ ಹೆದರಿಕೆ. "ಅದನ್ನು ಶುರು ಮಾಡಿದರು ಅಂದ್ರೆ ಮುಗೀತು" ಅಂತಾರೆ. ಚಟ ಹತ್ತುತ್ತದೆ ಅಂತಲೂ ಹೇಳುತ್ತಾರೆ. ನೋವಿಗೆ ತಕ್ಕಂತೆ ಅಳೆದು, ನಿಧಾನವಾಗಿ ಏರಿಸಿ ಕೊಟ್ಟ ಮಾರ್ಫಿನ್ ಸಾವನ್ನು ಹತ್ತಿರ ತರುವುದಿಲ್ಲ. ಮೊದಲ ಕೆಲವು ದಿನ ಮಂಪರು ಇರಬಹುದು, ಸಾಮಾನ್ಯವಾಗಿ ಅದು ಕಡಿಮೆಯಾಗುತ್ತದೆ. ಮಲಬದ್ಧತೆ ಮಾತ್ರ ಹಾಗೇ ಉಳಿಯುತ್ತದೆ, ಅದಕ್ಕೇ ಮೊದಲ ದಿನದಿಂದಲೇ ಜೊತೆಗೆ ಅದರ ಔಷಧಿಯನ್ನೂ ಕೊಡಬೇಕು. ಉಸಿರು ಕಟ್ಟಿದ ಹಾಗಾಗುವವರಿಗೆ ಬೆನ್ನಿಗೆ ದಿಂಬು ಕೊಟ್ಟು ಕೂರಿಸಿ, ಸಣ್ಣ ಫ್ಯಾನಿನ ಗಾಳಿ ಮುಖಕ್ಕೆ ಬೀಸುವ ಹಾಗೆ ಇಟ್ಟರೂ ಎಷ್ಟೋ ಹಾಯೆನಿಸುತ್ತದೆ. ಇಂಥ ಚಿಕ್ಕ ಕೆಲಸಗಳನ್ನು ಹಗುರವಾಗಿ ನೋಡಬೇಡಿ.

ಸಾಂಡರ್ಸ್ ಹೇಳಿದ ಇನ್ನೊಂದು ಮಾತು ಈ ಲೇಖನದ ಉಳಿದ ಭಾಗಕ್ಕೆಲ್ಲ ಬೇಕು. ನೋವು ಎಲ್ಲಿದೆ ಅಂತ ಅವರು ಒಬ್ಬ ಮಹಿಳೆಯನ್ನು ಕೇಳಿದಾಗ ಆಕೆ, ಬೆನ್ನಿನಲ್ಲಿ ಶುರುವಾಯಿತು, ಈಗ ನಾನೇ ಪೂರ್ತಿ ಕೆಟ್ಟ ಹಾಗಿದೆ ಎಂಬರ್ಥದ ಉತ್ತರ ಕೊಟ್ಟರಂತೆ. ಮೈಯ ನೋವು, ಮನಸ್ಸಿನ ಸಂಕಟ, ಮನೆಯವರ ಚಿಂತೆ, "ನನಗೇ ಯಾಕೆ?" ಅನ್ನುವ ಕೊರಗು, ಎಲ್ಲ ಸೇರಿ ಒಂದೇ ನೋವಾಗಿರುತ್ತದೆ ಅಂತ ಸಾಂಡರ್ಸ್ ಕಂಡುಕೊಂಡರು. ಇದನ್ನು ಅವರು ಸಮಗ್ರ ನೋವು ಎಂದು ಕರೆದರು. ಮಾತ್ರೆ ಎಷ್ಟು ಏರಿಸಿದರೂ ನೋವು ಇಳಿಯುತ್ತಿಲ್ಲ ಅಂದಾಗ, ನುರಿತ ಡಾಕ್ಟರು ಮಾತ್ರೆಯನ್ನು ಇನ್ನೊಮ್ಮೆ ಏರಿಸುವ ಮೊದಲು ಕುರ್ಚಿ ಎಳೆದುಕೊಂಡು ಕೂತು ಕೇಳುವುದು ಇದಕ್ಕೇ: "ಮನಸ್ಸಿನಲ್ಲಿ ಏನು ಓಡುತ್ತಿದೆ?"

ಅವರು ಬಯಸುವುದು, ನಾವು ಊಹಿಸುವುದು

ಅಮೆರಿಕದಲ್ಲಿ 2000ನೇ ಇಸವಿಯಲ್ಲಿ ಒಂದು ದೊಡ್ಡ ಸಮೀಕ್ಷೆ ಪ್ರಕಟವಾಯಿತು. ಗಂಭೀರ ಕಾಯಿಲೆಯಲ್ಲಿದ್ದವರು, ಹತ್ತಿರದವರನ್ನು ಕಳೆದುಕೊಂಡವರು, ಡಾಕ್ಟರುಗಳು, ಇತರ ಆರೈಕೆಯವರು, ಎಲ್ಲರಿಗೂ ಒಂದೇ ಪ್ರಶ್ನೆ: ಬದುಕಿನ ಕೊನೆಯಲ್ಲಿ ಯಾವುದು ಮುಖ್ಯ? ನೋವು ಇರಬಾರದು, ಮೈ ಶುಚಿಯಾಗಿರಬೇಕು, ಮಾತು ಕೇಳುವವರು ಇರಬೇಕು. ಇಂಥವಕ್ಕೆ ಎಲ್ಲರೂ ಹೂಂ ಅಂದರು. ಆದರೆ ಕೆಲವು ಕಡೆ ರೋಗಿಗಳಿಗೂ ಡಾಕ್ಟರುಗಳಿಗೂ ತುಂಬಾ ಅಂತರ ಬಂತು. ಕೊನೆಯವರೆಗೂ ಬುದ್ಧಿ ತಿಳಿಯಾಗಿರಬೇಕು ಅಂದವರು ರೋಗಿಗಳಲ್ಲಿ 100ಕ್ಕೆ 92, ಡಾಕ್ಟರುಗಳಲ್ಲಿ 65. ಎಲ್ಲಕ್ಕಿಂತ ನನ್ನನ್ನು ಹಿಡಿದು ನಿಲ್ಲಿಸಿದ್ದು ಇನ್ನೊಂದು ಸಾಲು. "ಬೇರೆಯವರಿಗೆ ನನ್ನಿಂದ ಸಹಾಯವಾಗಬೇಕು" ಅನ್ನುವುದು ಮುಖ್ಯ ಅಂದ ರೋಗಿಗಳು 100ಕ್ಕೆ 88. ಡಾಕ್ಟರುಗಳಲ್ಲಿ ಹಾಗೆ ಅಂದವರು 44, ಸರಿಯಾಗಿ ಅರ್ಧ.

ಅಂದರೆ ಹಾಸಿಗೆಯಲ್ಲಿ ಮಲಗಿದವರು "ನನ್ನಿಂದ ಯಾರಿಗಾದರೂ ಏನಾದರೂ ಆಗಬೇಕು" ಅಂತ ಹಂಬಲಿಸುತ್ತಿದ್ದಾರೆ. ಸುತ್ತ ನಿಂತವರು "ನೀವು ಸುಮ್ನೆ ರೆಸ್ಟ್ ತಗೊಳ್ಳಿ" ಅನ್ನುತ್ತಿದ್ದಾರೆ. ಒಳ್ಳೆಯ ಮನಸ್ಸಿನಿಂದಲೇ ಹೇಳುವ ಮಾತು ಅದು. ಆದರೆ ಅದನ್ನು ಮಲಗಿದವರ ಕಿವಿಯಿಂದ ಕೇಳಿ ನೋಡಿ. ನಲವತ್ತು ವರ್ಷ ಮನೆ ನಡೆಸಿದ ಹೆಂಗಸಿಗೆ ಈಗ ಯಾವುದರಲ್ಲೂ ಪಾಲಿಲ್ಲ. ಏನು ನಿರ್ಧಾರವಾಯಿತು ಅಂತಲೂ ಹೇಳುವವರಿಲ್ಲ. ಬಾಗಿಲ ಹೊರಗೆ ಪಿಸುಪಿಸು ಮಾತು, ಒಳಗೆ ಬಂದಾಗ ಬಲವಂತದ ನಗು. "ನಾನು ನಿಮಗೆಲ್ಲ ಹೊರೆಯಾಗಿಬಿಟ್ಟೆ" ಅನ್ನುವ ಮಾತು ಹುಟ್ಟುವುದು ಇಲ್ಲಿಂದ. ಅದಕ್ಕೆ "ಛೇ, ಹಾಗೆಲ್ಲ ಅನ್ನಬೇಡಿ" ಅಂತ ಎಷ್ಟು ಸಲ ಹೇಳಿದರೂ ಹೊರೆಯ ಭಾವ ಇಳಿಯುವುದಿಲ್ಲ. ಅವರಿಂದ ಏನಾದರೂ ಪಡೆದಾಗ ಇಳಿಯುತ್ತದೆ.

ಹೀಗೊಂದು ಮಧ್ಯಾಹ್ನ ಕಣ್ಣಮುಂದೆ ತಂದುಕೊಳ್ಳಿ. ತಾಯಿ ಬದುಕಿಡೀ ಹೊಲಿಗೆ ಹಾಕಿದವರು. ಈಗ ಬೆರಳಿಗೆ ಸೂಜಿ ಹಿಡಿಯುವ ಶಕ್ತಿಯಿಲ್ಲ. ಮಗಳು ಅರ್ಧ ಹೊಲಿದ ಅಂಗಿಯನ್ನು ಹಾಸಿಗೆಯ ಮೇಲೆ ಹರಡಿ, "ಅಮ್ಮಾ, ಈ ಕಾಲರ್ ಎಷ್ಟು ಸಲ ಮಾಡಿದರೂ ಸುಕ್ಕಾಗ್ತಿದೆ, ಯಾಕೆ?" ಅಂತಾಳೆ. ತಾಯಿ ಬಟ್ಟೆಯ ಅಂಚನ್ನು ಹೆಬ್ಬೆರಳಿನಲ್ಲಿ ಸವರಿ ನೋಡುತ್ತಾರೆ. ಬಟ್ಟೆಯನ್ನು ಅಡ್ಡಕ್ಕೆ ಕತ್ತರಿಸಿದ್ದೀಯ, ಒಳಗಿನ ಪದರ ಹೊರಗಿನದಕ್ಕಿಂತ ಕೂದಲೆಳೆಯಷ್ಟು ಚಿಕ್ಕದಿರಬೇಕು, ಮೂಲೆಯಲ್ಲಿ ಹೊಲಿಗೆ ಹತ್ತಿರದವರೆಗೂ ಕತ್ತರಿಸಿ ಆಮೇಲೆ ತಿರುಗಿಸು ಅಂತ ಹೇಳುತ್ತಾರೆ. ಮಗಳು ಅಲ್ಲೇ ಕೂತು ಬಿಚ್ಚಿ ಹೊಲಿಯುತ್ತಾಳೆ. ತಾಯಿ ನಡುವೆ ಕಣ್ಣು ಮುಚ್ಚುತ್ತಾರೆ, ಮತ್ತೆ ತೆರೆದು "ಎಲ್ಲಿಗೆ ಬಂತು?" ಅಂತಾರೆ. ಆ ಅರ್ಧ ಗಂಟೆ ಆ ಕೋಣೆಯಲ್ಲಿ ರೋಗಿ ಇರಲಿಲ್ಲ, ಹೊಲಿಗೆ ಬಲ್ಲ ಒಬ್ಬ ಹೆಂಗಸು ಇದ್ದರು.

ಕೇಳುವ ಪ್ರಶ್ನೆ ನಿಜವಾದದ್ದಾಗಿರಬೇಕು, ಇದು ಮುಖ್ಯ. ಉತ್ತರ ಗೊತ್ತಿದ್ದೂ ಸಮಾಧಾನಕ್ಕೆ ಕೇಳಿದರೆ ಅವರಿಗೆ ಗೊತ್ತಾಗಿಬಿಡುತ್ತದೆ. ಹಾಗೆಯೇ ಅವರ ಪಾಲಿಗೆ ಬಿಡುವ ನಿರ್ಧಾರವೂ ನಿಜವಾದದ್ದೇ ಆಗಿರಲಿ. ಯಾರು ನೋಡಲು ಬರಬೇಕು, ಯಾರು ಇವತ್ತು ಬೇಡ, ಹಾಸಿಗೆ ಯಾವ ಕಡೆ ಮುಖ ಮಾಡಿರಬೇಕು, ತಾನು ಇಷ್ಟಪಟ್ಟು ಇಟ್ಟುಕೊಂಡ ವಸ್ತು ಯಾರ ಕೈ ಸೇರಬೇಕು. ಮನೆಯ ಒಬ್ಬ ಮಗುವಿಗೆ ಬರುವ ಕಷ್ಟದ ವಯಸ್ಸಿಗಾಗಿ ಈಗಲೇ ಒಂದು ಪತ್ರ ಹೇಳಿ ಬರೆಸುವುದೂ ಕೊಡುಗೆಯೇ. ಕೈಯೆತ್ತಲಾಗದವರೂ ಮಾಡಬಹುದಾದ ಕೆಲಸ ಇವು.

ಬದುಕನ್ನು ಹೇಳಿ ಮುಗಿಸುವುದು

ಕೆನಡಾದ ಮನೋವೈದ್ಯ ಹಾರ್ವಿ ಮ್ಯಾಕ್ಸ್ ಚೋಚಿನಾವ್ ಈ ಹಂಬಲಕ್ಕೆ ಒಂದು ರೂಪ ಕೊಟ್ಟರು. ಅದಕ್ಕೆ ಡಿಗ್ನಿಟಿ ಥೆರಪಿ, ಅಂದರೆ ಘನತೆಯ ಚಿಕಿತ್ಸೆ ಅಂತ ಹೆಸರು. ನಡೆಯುವ ರೀತಿ ಸರಳ. ತರಬೇತಿ ಪಡೆದವರೊಬ್ಬರು ರೆಕಾರ್ಡರ್ ಇಟ್ಟುಕೊಂಡು ರೋಗಿಯ ಪಕ್ಕ ಕೂರುತ್ತಾರೆ. ನಿಮ್ಮ ಬದುಕಿನ ಯಾವ ಭಾಗ ನಿಮಗೆ ಜಾಸ್ತಿ ನೆನಪಾಗುತ್ತದೆ? ಯಾವಾಗ ನಿಮಗೆ ಬದುಕು ತುಂಬಿಕೊಂಡ ಹಾಗೆ ಅನ್ನಿಸಿತ್ತು? ನೀವು ಮಾಡಿದ್ದರಲ್ಲಿ ಯಾವುದರ ಬಗ್ಗೆ ಹೆಮ್ಮೆ ಇದೆ? ಮನೆಯವರಿಗೆ ಹೇಳಬೇಕು ಅಂತ ಇಟ್ಟುಕೊಂಡದ್ದು ಏನಾದರೂ ಉಳಿದಿದೆಯಾ? ಹೀಗೆ ಕೇಳುತ್ತಾ ಹೋಗುತ್ತಾರೆ. ಮಾತು ಒಂದು ಗಂಟೆ ಮೀರುವುದು ಕಡಿಮೆ, ಯಾಕೆಂದರೆ ಶಕ್ತಿ ಇರುವುದಿಲ್ಲ. ಎರಡು ಮೂರು ದಿನದೊಳಗೆ ಅದನ್ನು ಬರಹಕ್ಕಿಳಿಸಿ, ಹಿಂದೆ ಮುಂದೆ ಆದದ್ದನ್ನು ಸರಿಪಡಿಸಿ, ತಂದು ಅವರಿಗೇ ಓದಿ ಹೇಳುತ್ತಾರೆ.

ಓದಿ ಹೇಳುವ ಆ ಘಳಿಗೆ ತುಂಬಾ ಸೂಕ್ಷ್ಮವಾದದ್ದು. ದೊಡ್ಡ ಮಗನ ಬಗ್ಗೆ ಬೇಸರದಲ್ಲಿ ಒಂದು ಕಹಿ ಮಾತು ಬಂದಿರುತ್ತದೆ. ಅಲ್ಲಿಗೆ ಬಂದಾಗ ಓದುವವರು ನಿಲ್ಲಿಸಿ ಕೇಳುತ್ತಾರೆ: "ಇದು ನಿಮ್ಮ ಮಗನ ಕೈಗೆ ಹೋಗುತ್ತದೆ. ಈ ಸಾಲು ಇರಲಾ, ಬೇಡವಾ?" ಕೆಲವರು ತೆಗೆಸುತ್ತಾರೆ. ಇನ್ನು ಕೆಲವರು ಅದನ್ನು ಬಿಟ್ಟು, ಅದರ ಹಿಂದಿನ ನೋವನ್ನು ಮೊದಲ ಸಲ ಸರಿಯಾಗಿ ಹೇಳುತ್ತಾರೆ. ತಿದ್ದಿ ಮುಗಿದ ಹಾಳೆಗಳನ್ನು ಅವರು ತಮಗೆ ಬೇಕಾದವರಿಗೆ ಕೊಡುತ್ತಾರೆ.

2005ರಲ್ಲಿ ಚೋಚಿನಾವ್ ತಂಡ 100 ರೋಗಿಗಳ ಅನುಭವವನ್ನು ಪ್ರಕಟಿಸಿತು. 91 ಮಂದಿ ಇದು ತೃಪ್ತಿ ಕೊಟ್ಟಿತು ಅಂದರು. 76 ಮಂದಿಗೆ ತಮ್ಮ ಘನತೆಯ ಭಾವ ಹೆಚ್ಚಿತು. ಬದುಕಿಗೆ ಅರ್ಥ ಇದೆ ಅನ್ನಿಸಿದ್ದು ಹೆಚ್ಚಾಯಿತು ಅಂದವರು 67. ನಮ್ಮ ಮನೆಯವರಿಗೆ ಇದರಿಂದ ಉಪಯೋಗವಾಗಿದೆ ಅಥವಾ ಆಗುತ್ತದೆ ಅಂದವರು 81. 2011ರಲ್ಲಿ ಇನ್ನೂ ದೊಡ್ಡ ಪ್ರಯೋಗ ನಡೆಯಿತು, ಬೇರೆ ಆರೈಕೆಯ ಜೊತೆ ಹೋಲಿಸಿ. ಅದರಲ್ಲಿ ಖಿನ್ನತೆ, ಸಂಕಟ ಅಳೆಯುವ ಅಂಕಗಳಲ್ಲಿ ಹೇಳಿಕೊಳ್ಳುವ ವ್ಯತ್ಯಾಸ ಸಿಗಲಿಲ್ಲ. ಆದರೆ ಇದರಿಂದ ಸಹಾಯವಾಯಿತು, ಮನೆಯವರು ನನ್ನನ್ನು ನೋಡುವ ರೀತಿ ಬದಲಾಯಿತು ಅಂತ ಹೇಳಿದವರು ಈ ಗುಂಪಿನಲ್ಲೇ ಜಾಸ್ತಿ. ನನಗೆ ಎರಡೂ ಫಲಿತಾಂಶ ಸರಿಯೆನಿಸುತ್ತವೆ. ಸಾವಿನ ದುಃಖ ಒಂದು ಗಂಟೆಯ ಮಾತಿನಿಂದ ಕರಗುವುದಿಲ್ಲ. ದುಃಖ ಇದ್ದಾಗಲೂ "ನಾನು ಇಂಥವನು, ನನ್ನಿಂದ ಇಷ್ಟಾಯಿತು" ಅಂತ ಅನ್ನಿಸುವುದು ಸಾಧ್ಯ.

ಇದನ್ನು ಮನೆಯಲ್ಲೇ ಮಾಡಬಹುದಾ? ಪೂರ್ತಿ ಹಾಗೇ ಆಗಲಿಕ್ಕಿಲ್ಲ, ಆದರೆ ಫೋನಿನಲ್ಲಿ ರೆಕಾರ್ಡ್ ಒತ್ತಿಟ್ಟು ಒಂದು ಒಳ್ಳೆಯ ಪ್ರಶ್ನೆ ಕೇಳಲು ಯಾರ ಅಪ್ಪಣೆಯೂ ಬೇಡ. ಮೊದಲೇ ಅವರನ್ನು ಕೇಳಿ, ಒಪ್ಪಿದರೆ ಮಾತ್ರ ಮಾಡಿ. ಹಳೆಯ ಫೋಟೋ ಕೈಗಿಟ್ಟರೆ ಮಾತು ತಾನಾಗಿ ಹೊರಡುತ್ತದೆ. ತಡೆದು ಇಸವಿ ತಿದ್ದಲು ಹೋಗಬೇಡಿ.

ಅರ್ಥ ಸಿಗುವ ಜಾಗಗಳು

ಅರ್ಥದ ಬಗ್ಗೆ ಬದುಕಿಡೀ ಯೋಚಿಸಿದವರಲ್ಲಿ ವಿಯೆನ್ನಾದ ಮನೋವೈದ್ಯ ವಿಕ್ಟರ್ ಫ್ರಾಂಕಲ್ ದೊಡ್ಡ ಹೆಸರು. ನಾಜಿಗಳ ಬಂದೀಖಾನೆಗಳಿಂದ ಬದುಕಿ ಬಂದವರು. ಅರ್ಥ ಮೂರು ದಾರಿಯಲ್ಲಿ ಸಿಗುತ್ತದೆ ಅಂತ ಅವರು ಹೇಳಿದರು. ನಾವು ಮಾಡುವ ಕೆಲಸದಿಂದ, ನಾವು ಪಡುವ ಪ್ರೀತಿ ಮತ್ತು ಅನುಭವದಿಂದ, ತಪ್ಪಿಸಲಾಗದ ಕಷ್ಟವನ್ನು ನಾವು ಎದುರಿಸುವ ರೀತಿಯಿಂದ. ಮೊದಲ ದಾರಿ ಕಾಯಿಲೆಯಿಂದ ಮುಚ್ಚಿಹೋದರೂ ಉಳಿದೆರಡು ತೆರೆದೇ ಇರುತ್ತವೆ.

ನ್ಯೂಯಾರ್ಕಿನ ಮೆಮೋರಿಯಲ್ ಸ್ಲೋನ್ ಕೆಟರಿಂಗ್ ಕ್ಯಾನ್ಸರ್ ಆಸ್ಪತ್ರೆಯಲ್ಲಿ ವಿಲಿಯಂ ಬ್ರೈಟ್‌ಬಾರ್ಟ್ ಈ ಯೋಚನೆಯನ್ನು ಚಿಕಿತ್ಸೆಯ ಮಟ್ಟಕ್ಕೆ ತಂದರು. ಒಬ್ಬರಿಗೇ ಆದರೆ ಏಳು ಭೇಟಿ, ಗುಂಪಿಗಾದರೆ ಎಂಟು. ಫ್ರಾಂಕಲ್ ಹೇಳಿದ ಮೂರರ ಜೊತೆ ಅವರು ನಾಲ್ಕನೆಯದನ್ನು ಸೇರಿಸಿದರು: ನಾನು ಎಲ್ಲಿಂದ ಬಂದೆ, ಏನು ಪಡೆದು ಬಂದೆ, ಏನು ಬಿಟ್ಟು ಹೋಗುತ್ತೇನೆ ಅನ್ನುವ ಕಥೆ. 2015ರಲ್ಲಿ ಪ್ರಕಟವಾದ ಅವರ ಪ್ರಯೋಗದಲ್ಲಿ ಮುಂದುವರಿದ ಹಂತದ ಕ್ಯಾನ್ಸರ್ ಇದ್ದ 253 ಮಂದಿ ಇದ್ದರು. ಬರೀ ಧೈರ್ಯ ತುಂಬುವ ಗುಂಪಿಗಿಂತ ಅರ್ಥದ ಬಗ್ಗೆ ಕೂತು ಮಾತಾಡಿದ ಗುಂಪಿನಲ್ಲಿ ಹತಾಶೆ, ಖಿನ್ನತೆ, ಬೇಗ ಸಾಯಬೇಕೆನ್ನುವ ಬಯಕೆ ಜಾಸ್ತಿ ಇಳಿದವು.

ಇಲ್ಲಿ ಒಂದು ಭ್ರಮೆ ಬಿಡಬೇಕು. ಅರ್ಥ ಅಂದರೆ ಬದುಕಿನ ದೊಡ್ಡ ಪ್ರಶ್ನೆಗೆ ದೊಡ್ಡ ಉತ್ತರ ಅಂದುಕೊಳ್ಳುತ್ತೇವೆ. ಆ ಉತ್ತರ ಸಿಗದೆ ಹೋದರೆ ಬದುಕು ಸೋತಿತು ಅಂತ ಹೆದರುತ್ತೇವೆ. ಈ ಕೋಣೆಗಳಲ್ಲಿ ಜನ ಮಾತಾಡುವುದು ಹೆಚ್ಚಾಗಿ ತಂಗಿಯ ಬಗ್ಗೆ, ತಾವು ಕಲಿಸಿದ ಹುಡುಗನ ಬಗ್ಗೆ, ಒಂದು ಪ್ರಯಾಣದ ಬಗ್ಗೆ. ಸ್ಟ್ಯಾನ್‌ಫರ್ಡ್‌ನ ಮನಶ್ಶಾಸ್ತ್ರಜ್ಞೆ ಲಾರಾ ಕಾರ್ಸ್ಟೆನ್‌ಸನ್ ಇದಕ್ಕೆ ಕಾರಣ ಕೊಡುತ್ತಾರೆ. ಸಮಯ ಬೇಕಾದಷ್ಟಿದೆ ಅನ್ನಿಸಿದಾಗ ಮನುಷ್ಯ ಹೊಸ ಜನ, ಹೊಸ ವಿಷಯ ಹುಡುಕುತ್ತಾನೆ. ಸಮಯ ಕಡಿಮೆಯಿದೆ ಅನ್ನಿಸಿದಾಗ, ವಯಸ್ಸು ಎಷ್ಟೇ ಇರಲಿ, ಮನಸ್ಸಿಗೆ ಹತ್ತಿರವಾದ ಕೆಲವರನ್ನಷ್ಟೇ ಬಯಸುತ್ತಾನೆ. ಹಾಗಾಗಿ ಅಪ್ಪ ಯಾರನ್ನೂ ನೋಡಲು ಒಪ್ಪುತ್ತಿಲ್ಲ, ಇಬ್ಬರನ್ನು ಮಾತ್ರ ಕೇಳುತ್ತಾರೆ ಅಂದರೆ ಅದು ಕಾಯಿಲೆಯ ಲಕ್ಷಣವೇ ಆಗಬೇಕಿಲ್ಲ. ಆ ಇಬ್ಬರನ್ನು ಕರೆಸಿ.

ಇನ್ನು ಸಾಯುತ್ತಿರುವವರ ಮನಸ್ಸು ದಾಟಿ ಹೋಗುತ್ತದೆ ಅನ್ನುವ ಐದು ಹಂತಗಳ ಮಾತು. ನಿರಾಕರಣೆ, ಸಿಟ್ಟು, ಚೌಕಾಸಿ, ಖಿನ್ನತೆ, ಒಪ್ಪಿಗೆ. ಮನೋವೈದ್ಯೆ ಎಲಿಸಬೆತ್ ಕೂಬ್ಲರ್ ರಾಸ್ 1969ರಲ್ಲಿ ಇದನ್ನು ಹೇಳಿದಾಗ ಸಾಯುತ್ತಿರುವವರ ಮಾತನ್ನು ಕೇಳಬೇಕು ಅನ್ನುವುದೇ ಹೊಸದಾಗಿತ್ತು. ಆ ಉಪಕಾರ ದೊಡ್ಡದು. ಆದರೆ ಎಲ್ಲರೂ ಈ ಐದನ್ನೂ ಸಾಲಾಗಿ ದಾಟಿ ಒಪ್ಪಿಗೆಗೆ ಬರಬೇಕು ಅಂತೇನೂ ಇಲ್ಲ. ಬೆಳಗ್ಗೆ ಒಪ್ಪಿಕೊಂಡವರು ಸಂಜೆ ಮುಂದಿನ ವರ್ಷದ ಯೋಜನೆ ಹೇಳಬಹುದು. ಕೊನೆಯವರೆಗೂ ಸಿಟ್ಟಾಗಿಯೇ ಇದ್ದು ಹೋಗುವವರೂ ಇದ್ದಾರೆ. ಅವರು ಏನನ್ನೂ ತಪ್ಪು ಮಾಡಲಿಲ್ಲ.

ಮುಚ್ಚಿಡುವುದರಿಂದ ಏನಾಗುತ್ತದೆ

"ಅವರಿಗೆ ಮಾತ್ರ ಹೇಳಬೇಡಿ ಡಾಕ್ಟರೇ, ತಡ್ಕೊಳ್ಳಲ್ಲ." ಪ್ರೀತಿಯಿಂದಲೇ ಹೀಗೆ ಕೇಳುತ್ತೇವೆ. ತೊಂದರೆ ಏನೆಂದರೆ, ಹೆಚ್ಚಿನವರಿಗೆ ತಮ್ಮ ಮೈಯಿಂದಲೇ ಗೊತ್ತಾಗಿರುತ್ತದೆ. ಮನೆಯವರು ಮುಚ್ಚಿಡುತ್ತಿದ್ದಾರೆ ಅಂತಲೂ ಗೊತ್ತಾಗಿರುತ್ತದೆ. ಅವರಿಗೆ ನೋವಾಗಬಾರದು ಅಂತ ಇವರು, ಇವರಿಗೆ ನೋವಾಗಬಾರದು ಅಂತ ಅವರು, ಇಬ್ಬರೂ ನಾಟಕ ಮುಂದುವರಿಸುತ್ತಾರೆ. ಹೇಳಬೇಕಾದ ಮಾತು, ಕೊಡಬೇಕಾದ ವಸ್ತು, ಕೇಳಬೇಕಾದ ಕ್ಷಮೆ ಎಲ್ಲ ಆ ನಾಟಕದ ಕೆಳಗೆ ಸಿಕ್ಕಿಕೊಳ್ಳುತ್ತವೆ. ಸಮಯ ಕಡಿಮೆ ಅಂತ ಒಪ್ಪಿಕೊಳ್ಳದೆ ಯಾರೂ ಬೀಳ್ಕೊಡುವುದಕ್ಕೆ ಆಗುವುದಿಲ್ಲ ಅಲ್ವಾ?

ಹಾಗಂತ ಎಲ್ಲವನ್ನೂ ಒಮ್ಮೆಗೇ ಮುಖಕ್ಕೆ ಹೇಳಿಬಿಡಿ ಅಂತ ಯಾರೂ ಹೇಳುವುದಿಲ್ಲ. ಒಳ್ಳೆಯ ಡಾಕ್ಟರು ಹೇಳುವ ಮೊದಲು ಕೇಳುತ್ತಾರೆ. "ನಿಮ್ಮ ಕಾಯಿಲೆ ಈಗ ಹೇಗಿದೆ ಅಂತ ನಿಮಗೆ ಅನ್ನಿಸುತ್ತದೆ? ಇನ್ನೂ ವಿವರವಾಗಿ ತಿಳಿಯಬೇಕಾ, ಅಥವಾ ಮನೆಯವರ ಹತ್ತಿರ ಮಾತಾಡಲಾ?" ಬೇಡ ಅಂದರೆ ಬೇಡ. ಆ ಆಯ್ಕೆ ಅವರದಾಗಿರಬೇಕು, ಅಷ್ಟೇ. ಇನ್ನೆಷ್ಟು ದಿನ ಅನ್ನುವ ಲೆಕ್ಕವನ್ನಂತೂ ಜಾಸ್ತಿ ನಂಬಬೇಡಿ. 2000ದಲ್ಲಿ ಪ್ರಕಟವಾದ ಅಧ್ಯಯನವೊಂದರಲ್ಲಿ ಹಾಸ್ಪೈಸ್‌ಗೆ ಕಳಿಸುವ ಡಾಕ್ಟರುಗಳು ಅಂದಾಜಿಸಿದ ಆಯುಷ್ಯ, ರೋಗಿಗಳು ನಿಜಕ್ಕೂ ಬದುಕಿದ್ದಕ್ಕಿಂತ ಸರಾಸರಿ ಐದು ಪಟ್ಟಿಗೂ ಹೆಚ್ಚಿತ್ತು. ಹಾಗಾಗಿ ಮುಖ್ಯವಾದ ಮಾತನ್ನು ಮುಂದಿನ ತಿಂಗಳಿಗೆ ಇಟ್ಟುಕೊಳ್ಳಬಾರದು.

ಆ ಮುಖ್ಯವಾದ ಮಾತು ಯಾವುದು? ಅಮೆರಿಕದ ಉಪಶಾಮಕ ವೈದ್ಯ ಐರಾ ಬಯಾಕ್ ನಾಲ್ಕು ಚಿಕ್ಕ ಮಾತು ಹೇಳುತ್ತಾರೆ. ನನ್ನನ್ನು ಕ್ಷಮಿಸು. ನಿನ್ನನ್ನು ಕ್ಷಮಿಸಿದ್ದೇನೆ. ನಿನ್ನಿಂದ ತುಂಬಾ ಉಪಕಾರವಾಯಿತು. ನೀನಂದ್ರೆ ನನಗೆ ಪ್ರಾಣ. ಇದೇ ಪದಗಳು ಬೇಕಿಲ್ಲ. ಎಷ್ಟೋ ಮನೆಗಳಲ್ಲಿ ಇಂಥ ಮಾತು ಬಾಯಿಬಿಟ್ಟು ಆಡಿದ್ದೇ ಇರುವುದಿಲ್ಲ. "ನೀವು ಅವತ್ತು ನನ್ನ ಜೊತೆ ನಿಂತಿರಲಿಲ್ಲ ಅಂದ್ರೆ ನಾನು ಓದ್ತಾನೇ ಇರಲಿಲ್ಲ" ಅಂದರೂ ಸಾಕು. ಈ ಮಾತು ಕೇಳಿದವರಿಗೆ ತಾವು ಏನು ಕೊಟ್ಟೆವು ಅನ್ನುವುದು ತಿಳಿಯುತ್ತದೆ. ಕ್ಷಮೆಯಲ್ಲಿ ಮಾತ್ರ ಬಲವಂತ ಬೇಡ. ತುಂಬಾ ನೋಯಿಸಿದವರನ್ನು ಹಾಸಿಗೆಯ ಮುಂದೆ ತಂದು ನಿಲ್ಲಿಸಿ "ಎಲ್ಲ ಮರೆತುಬಿಡಿ" ಅನ್ನುವುದು ಸಮಾಧಾನ ತರುವುದಿಲ್ಲ.

ಮಾತಿಗೆ ಬಗ್ಗದ ಕತ್ತಲೆ

ಕೆಲವೊಮ್ಮೆ ಇದ್ಯಾವುದೂ ಕೆಲಸ ಮಾಡುವುದಿಲ್ಲ. "ಸಾಕಪ್ಪಾ ಸಾಕು, ಯಾಕೆ ಬದುಕಬೇಕು" ಅನ್ನುವ ಮಾತು ದಿನಾ ಬರುತ್ತದೆ. ಸಾಯುವ ಕಾಲಕ್ಕೆ ಇದು ಸಹಜ ಅಂತ ಬಿಟ್ಟುಬಿಡುವುದು ತಪ್ಪು. ಆಸ್ಟ್ರೇಲಿಯಾದ ಮನೋವೈದ್ಯ ಡೇವಿಡ್ ಕಿಸ್ಸೇನ್ ಎರಡು ಸ್ಥಿತಿಗಳನ್ನು ಬಿಡಿಸಿ ತೋರಿಸಿದರು. ಖಿನ್ನತೆಯಲ್ಲಿ ಕಣ್ಣಮುಂದಿನ ಸಂತೋಷವೂ ತಟ್ಟುವುದಿಲ್ಲ, ಮೊಮ್ಮಗು ಬಂದು ತೊಡೆ ಮೇಲೆ ಕೂತರೂ ಮುಖ ಅರಳುವುದಿಲ್ಲ. ಎದೆಗುಂದಿದ ಸ್ಥಿತಿ ಬೇರೆ. ಮಗು ಬಂದಾಗ ನಗುತ್ತಾರೆ, ಹೋದ ಮೇಲೆ "ಮುಂದೇನು?" ಅನ್ನುವ ಖಾಲಿತನಕ್ಕೆ ಮರಳುತ್ತಾರೆ. ಮೊದಲನೆಯದಕ್ಕೆ ಔಷಧಿ ಬೇಕಾಗಬಹುದು, ಕೊನೆಗಾಲದಲ್ಲೂ ಅದು ಫಲ ಕೊಡುತ್ತದೆ. ಎರಡನೆಯದಕ್ಕೆ ಮೇಲೆ ಹೇಳಿದ ಕೆಲಸಗಳು ಹೆಚ್ಚು ನಾಟುತ್ತವೆ. ಯಾವುದು ಯಾವುದು ಅಂತ ಮನೆಯವರು ತೀರ್ಮಾನಿಸಬೇಕಿಲ್ಲ. ಗಮನಿಸಿದ್ದನ್ನು ಡಾಕ್ಟರಿಗೆ ಹೇಳಿದರೆ ಆಯಿತು. ಜೀವ ಕಳೆದುಕೊಳ್ಳುವ ಮಾತು ಬಂದರೆ ಅದೇ ದಿನ ಹೇಳಬೇಕು.

ನಂಬಿಕೆಯ ವಿಷಯವೂ ಹೀಗೇ. ಕೆಲವರಿಗೆ ಪ್ರಾರ್ಥನೆ ದೊಡ್ಡ ಆಸರೆ. ಇನ್ನು ಕೆಲವರಿಗೆ, ಬದುಕಿಡೀ ನಂಬಿದವರಿಗೂ, ಈಗ ದೇವರ ಮೇಲೆ ಕೋಪ ಬಂದಿರುತ್ತದೆ. ನಂಬಿಕೆಯೇ ಇಲ್ಲದವರೂ ಇದ್ದಾರೆ, ಅವರಿಗೂ ನೆಮ್ಮದಿ ಸಾಧ್ಯ. ನಮ್ಮ ಉತ್ತರವನ್ನು ಅವರ ದಿಂಬಿನ ಕೆಳಗೆ ತುರುಕುವುದು ಬೇಡ.

ಕೊನೆಯ ಕೆಲವು ದಿನ

ಮೈ ನಿಲ್ಲುವ ಮೊದಲು ಆಗುವ ಬದಲಾವಣೆಗಳು ಗೊತ್ತಿದ್ದರೆ ಅರ್ಧ ಹೆದರಿಕೆ ಹೋಗುತ್ತದೆ. ಊಟ ಬಿಡುತ್ತಾರೆ. ತಿನ್ನದೆ ಇರುವುದರಿಂದ ಸಾಯುತ್ತಿದ್ದಾರೆ ಅಂತ ಮನೆಯವರಿಗೆ ಅನ್ನಿಸುತ್ತದೆ, ನಿಜವಾಗಿ ಮೈ ನಿಲ್ಲುತ್ತಿರುವುದರಿಂದ ಅದಕ್ಕೆ ಊಟ ಬೇಡವಾಗಿರುತ್ತದೆ. ಬಲವಂತವಾಗಿ ತುರುಕಿದರೆ ಗಂಟಲಲ್ಲಿ ಸಿಕ್ಕಿಕೊಳ್ಳಬಹುದು. ಒದ್ದೆ ಹತ್ತಿಯಿಂದ ತುಟಿ, ನಾಲಿಗೆ ತೇವ ಮಾಡುತ್ತಿದ್ದರೆ ಬಾಯಿ ಒಣಗಿದ ಕಷ್ಟ ಇಳಿಯುತ್ತದೆ. ನಿದ್ದೆ ಜಾಸ್ತಿಯಾಗುತ್ತದೆ. ಕೈಕಾಲು ತಣ್ಣಗಾಗುತ್ತವೆ. ಉಸಿರು ಕೆಲವು ಕ್ಷಣ ನಿಂತು, ಮತ್ತೆ ಜೋರಾಗಿ ಶುರುವಾಗುತ್ತದೆ. ಗಂಟಲಲ್ಲಿ ಗೊರಗೊರ ಶಬ್ದ ಬರುತ್ತದೆ. ನುಂಗಲಾಗದ ಜೊಲ್ಲು ಅಲ್ಲಿ ನಿಂತಿರುವುದೇ ಕಾರಣ. ಕೇಳುವವರಿಗೆ ಆಗುವಷ್ಟು ಸಂಕಟ ಅವರಿಗೆ ಆಗುತ್ತಿರುವುದಿಲ್ಲ. ಒಂದು ಮಗ್ಗುಲಿಗೆ ಮಲಗಿಸಿದರೆ ಕಡಿಮೆಯಾಗಬಹುದು.

ತೀರಿಕೊಂಡ ತಾಯಿ ಬಂದಿದ್ದಳು, ಪ್ರಯಾಣಕ್ಕೆ ಸಿದ್ಧ ಮಾಡಬೇಕು ಅಂತೆಲ್ಲ ಅವರು ಹೇಳಬಹುದು. ಅಮೆರಿಕದ ಬಫಲೋ ನಗರದ ಹಾಸ್ಪೈಸ್‌ನಲ್ಲಿ ಕ್ರಿಸ್ಟೋಫರ್ ಕೆರ್ ತಂಡ 59 ರೋಗಿಗಳನ್ನು ಕೇಳಿ 2014ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ 100ಕ್ಕೆ 88ರಷ್ಟು ಮಂದಿ ಇಂಥ ಕನಸು ಅಥವಾ ದೃಶ್ಯ ಕಂಡಿದ್ದರು. ಅಗಲಿದ ಹತ್ತಿರದವರು ಕಾಣಿಸಿಕೊಂಡ ಕನಸುಗಳೇ ಅವರಿಗೆ ಹೆಚ್ಚು ಸಮಾಧಾನ ಕೊಟ್ಟಿದ್ದವು. "ಇಲ್ಲಿ ಯಾರೂ ಇಲ್ಲ" ಅಂತ ವಾದಕ್ಕಿಳಿಯುವುದಕ್ಕಿಂತ "ಅಮ್ಮ ಏನಂದ್ರು?" ಅಂತ ಕೇಳುವುದು ಒಳ್ಳೆಯದು. ಅವರು ಹೆದರಿ ಚಡಪಡಿಸುತ್ತಿದ್ದರೆ ಮಾತ್ರ ಅದು ಬೇರೆ, ಡಾಕ್ಟರಿಗೆ ತಿಳಿಸಬೇಕು.

ಎಚ್ಚರ ತಪ್ಪಿದ ಮೇಲೂ ಮಾತಾಡಬಹುದಾ? ಮಾತಾಡಿ. 2020ರಲ್ಲಿ ಕೆನಡಾದ ಸಂಶೋಧಕರು ಸಾವಿಗೆ ಕೆಲವೇ ಗಂಟೆ ಇದ್ದ, ಎಚ್ಚರವಿಲ್ಲದ ರೋಗಿಗಳ ಮೆದುಳಿನ ಅಲೆಗಳನ್ನು ಅಳೆದರು. ಕೆಲವರ ಮೆದುಳು ಶಬ್ದಕ್ಕೆ ಆರೋಗ್ಯವಂತರ ಮೆದುಳಿನ ಹಾಗೆಯೇ ಪ್ರತಿಕ್ರಿಯಿಸಿತ್ತು. ಅರ್ಥವಾಯಿತೋ ಇಲ್ಲವೋ ಹೇಳಲಾಗದು. ಆದರೆ ಆ ಕೋಣೆಯಲ್ಲಿ ಅವರು ಇಲ್ಲವೇನೋ ಅನ್ನುವ ಹಾಗೆ ಅವರ ಬಗ್ಗೆ ಮಾತಾಡಬಾರದು.

ಯಾವಾಗ ಶುರು ಮಾಡಬೇಕು

ಬೇಗ. ಎಲ್ಲ ಚಿಕಿತ್ಸೆ ಮುಗಿದ ಮೇಲೆ ಉಪಶಾಮಕ ಆರೈಕೆ ಅಂತ ಕಾಯುವುದರಿಂದಲೇ ಅರ್ಧ ಅವಕಾಶ ಕೈತಪ್ಪುತ್ತದೆ. 2010ರಲ್ಲಿ ಅಮೆರಿಕದ ಜೆನಿಫರ್ ಟೆಮೆಲ್ ತಂಡ ಮುಂದುವರಿದ ಹಂತದ ಶ್ವಾಸಕೋಶದ ಕ್ಯಾನ್ಸರ್ ಇದ್ದ 151 ಮಂದಿಯ ಮೇಲೆ ನಡೆಸಿದ ಪ್ರಯೋಗ ಪ್ರಕಟಿಸಿತು. ಕ್ಯಾನ್ಸರ್ ಚಿಕಿತ್ಸೆಯ ಜೊತೆಗೇ ಮೊದಲಿನಿಂದ ಉಪಶಾಮಕ ಆರೈಕೆ ಪಡೆದವರಲ್ಲಿ ಖಿನ್ನತೆ ಕಡಿಮೆಯಿತ್ತು, ಬದುಕಿನ ಗುಣಮಟ್ಟ ಚೆನ್ನಾಗಿತ್ತು. ಕೊನೆಕೊನೆಗೆ ತೀವ್ರ ಚಿಕಿತ್ಸೆ ಕಡಿಮೆ ಪಡೆದರೂ ಅವರು ಬದುಕಿದ್ದೂ ಹೆಚ್ಚು: ಮಧ್ಯಮಾಂಕದ ಲೆಕ್ಕದಲ್ಲಿ 11.6 ತಿಂಗಳು, ಉಳಿದವರು 8.9. ಎಲ್ಲ ಕಾಯಿಲೆಯಲ್ಲೂ ಆಯುಷ್ಯ ಹೆಚ್ಚುತ್ತದೆ ಅಂತ ಇದರಿಂದ ಹೇಳಲಾಗದು. ಕಡಿಮೆಯಾಗುತ್ತದೆ ಅನ್ನುವ ಭಯಕ್ಕಂತೂ ಇದು ಉತ್ತರ. ಆದರೂ ವಿಶ್ವ ಆರೋಗ್ಯ ಸಂಸ್ಥೆಯ ಲೆಕ್ಕದಂತೆ, ಇಂಥ ಆರೈಕೆ ಬೇಕಾದವರಲ್ಲಿ ಅದು ಸಿಗುತ್ತಿರುವುದು 100ಕ್ಕೆ ಸುಮಾರು 14 ಮಂದಿಗೆ ಮಾತ್ರ. ಉಳಿದವರ ಪಾಲಿನ ನೋವು ಬೇಕಾಗಿಲ್ಲದ ನೋವು.

ಮುಂದಿನ ಸಲ ಆಸ್ಪತ್ರೆಗೆ ಹೋದಾಗ ಡಾಕ್ಟರನ್ನು ನೇರವಾಗಿ ಕೇಳಿ: "ಇವರಿಗೆ ಪ್ಯಾಲಿಯೇಟಿವ್ ಕೇರ್ ತಂಡವನ್ನು ಈಗಲೇ ತೋರಿಸಬಹುದಾ?" ಮನೆಗೆ ಬಂದ ಮೇಲೆ, ಚೋಚಿನಾವ್ ತಮ್ಮ ರೋಗಿಗಳನ್ನು ಕೇಳುವ ಒಂದು ಪ್ರಶ್ನೆಯನ್ನು ನಿಮ್ಮವರಿಗೆ ಕೇಳಿ: "ನಿಮ್ಮನ್ನು ಚೆನ್ನಾಗಿ ನೋಡಿಕೊಳ್ಳಬೇಕು ಅಂದರೆ, ಒಬ್ಬ ಮನುಷ್ಯರಾಗಿ ನಿಮ್ಮ ಬಗ್ಗೆ ನಾವು ಏನು ತಿಳಿದಿರಬೇಕು?" ಅವರು ಹೇಳಿದ್ದನ್ನು ಅವರದೇ ಮಾತಿನಲ್ಲಿ ಬರೆದುಕೊಂಡು, ಓದಿ ಹೇಳಿ, ಸರಿಯಿದೆ ಅಂದ ಮೇಲೆ ಆಸ್ಪತ್ರೆ ಫೈಲಿನ ಮೊದಲ ಹಾಳೆಯಾಗಿ ಸೇರಿಸಿ. ರಾತ್ರಿ ಪಾಳಿಗೆ ಬರುವ ಹೊಸ ನರ್ಸ್‌ಗೂ ಅದೇ ಮೊದಲು ಕಾಣಲಿ, ಸ್ಕ್ಯಾನ್ ರಿಪೋರ್ಟು ಆಮೇಲೆ.